ಮೂರು ಹೆಸರಿನ ಸಂಗೀತ ನಿರ್ದೇಶಕ

ಎಂಬತ್ತರ ದಶಕದ ನಡುವಿನಲ್ಲಿ ನಾನು ಕೊಲ್ಲಿ ದೇಶದ ಥುಕ್ಬಾ ಎಂಬ ಊರಿನಲ್ಲಿದ್ದೆ. ಒಂದು ಕಟ್ಟಡ ಕಂಪನಿಯಲ್ಲಿ ಟೈಪಿಸ್ಟ್ ಕೆಲಸ. ನಮ್ಮ ಸ್ಟೋರಿನ ಮೇಲಧಿಕಾರಿ ಜರ್ಮನಿಯವರು, ಅರವತ್ತರ ಹತ್ತಿರದ ವಯಸ್ಸು, ಮಾತು ಕಡಿಮೆ. ಒಂದು ದಿನ ಅವರು ಕೈಬರಹದ ಪಟ್ಟಿಯೊಂದನ್ನು ಟೈಪ್ ಮಾಡಲು ಕೊಟ್ಟರು. ಇಪ್ಪತ್ತಕ್ಕೂ ಹೆಚ್ಚು ಸಿನಿಮಾಗಳ ಹೆಸರು; ಎದುರಿಗೆ ಸಂಗೀತ ನಿರ್ದೇಶಕರ ಹೆಸರು.

"ಇದು ಯಾರ ಪಟ್ಟಿ ಸರ್?"

"ನನ್ನದೇ. ಇವಕ್ಕೆಲ್ಲ ಸಂಗೀತ ಮಾಡಿದವನು ನಾನು. ಊರಿನ ಸಂಗೀತಗಾರರ ಸಂಘಕ್ಕೆ ಮತ್ತೆ ಸೇರಲು ಇದನ್ನು ಕಳಿಸಬೇಕಿದೆ."

ಪಟ್ಟಿಯಲ್ಲಿ ಸುತ್ತಿ ಸುತ್ತಿ ಬರುತ್ತಿದ್ದದ್ದು ಮೂರು ಹೆಸರು. ಒಂದೂ ಅವರದಲ್ಲ. ಕೇಳಿದೆ.

"ಒಂದೇ ಹೆಸರು ವರ್ಷಕ್ಕೆ ಐದು ಸಲ ಕಂಡರೆ ಜನ ಅಗ್ಗದ ಸಂಗೀತ ಅಂದುಕೊಳ್ಳುತ್ತಾರೆ ಅಂತ ನಿರ್ಮಾಪಕರು ನನ್ನ ಹೆಸರು ಬದಲಾಯಿಸುತ್ತಿದ್ದರು."

ನನ್ನ ಜೊತೆ ರೂಮಿನಲ್ಲಿದ್ದ ಬಂಟ್ವಾಳದ ಗೆಳೆಯ ವಿಡಿಯೊ ಕ್ಯಾಸೆಟ್ ಅಂಗಡಿಯಲ್ಲಿದ್ದ. ವಿಷಯ ಕೇಳಿ ನಕ್ಕುಬಿಟ್ಟ. "ಎಂತ ಮಾರಾಯ, ಬುರುಡೆ ಬಿಡುವುದು ಅವರು. ಸಂಗೀತ ಮಾಡುವವರಿಗೆ ಇಲ್ಲಿ ಪೈಪು, ನಟ್ಟು ಕಾಯುವ ಕೆಲಸ ಯಾಕೆ?"

ಆದರೂ ಪಟ್ಟಿಯಲ್ಲಿದ್ದ ಒಂದು ಸಿನಿಮಾದ ಇಂಗ್ಲಿಷ್ ಡಬ್ಬಿಂಗ್ ಕ್ಯಾಸೆಟ್ಟನ್ನು ಅವನೇ ಹುಡುಕಿ ತಂದ. ಶುಕ್ರವಾರ ಮಧ್ಯಾಹ್ನ ಅವರನ್ನು ರೂಮಿಗೆ ಕರೆದೆವು. ಹೆಂಗಸೊಬ್ಬಳು ಮೆಟ್ಟಿಲು ಹತ್ತುವ ದೃಶ್ಯ ಬರುತ್ತಿದ್ದಂತೆ ಅವರು ಮುಂದಕ್ಕೆ ಬಾಗಿದರು. "ಈಗ ಕೇಳಿ, ಬರೀ ಒಂದು ಚೆಲ್ಲೊ, ದೊಡ್ಡ ಪಿಟೀಲಿನ ದನಿ."

ಬಂದದ್ದು ಡ್ರಮ್ಮು ಮತ್ತು ತುತ್ತೂರಿ. ಗೆಳೆಯ ನನ್ನತ್ತ ಕಣ್ಣು ಮಿಟುಕಿಸಿದ. ಅವರ ಮುಖ ಕೆಂಪೇರಿತ್ತು. "ಇದು ನನ್ನದಲ್ಲ. ಡಬ್ ಮಾಡುವಾಗ ತೆಗೆದುಹಾಕಿದ್ದಾರೆ."

ಸುಳ್ಳು ಸಿಕ್ಕಿಬಿದ್ದಾಗ ಹೇಳುವ ಮಾತಿನಂತೆಯೇ ಇತ್ತು. ಆದರೆ ಅವರು ಎದ್ದು ಕ್ಯಾಸೆಟ್ ಹಿಂದಕ್ಕೆ ಓಡಿಸಿ, ಟಿವಿಯ ಶಬ್ದ ಪೂರ್ತಿ ಇಳಿಸಿ, ಆ ದೃಶ್ಯಕ್ಕೆ ತಾವೇ ಗುನುಗತೊಡಗಿದರು. ಆ ಹೆಂಗಸು ತಿರುಗಿದಾಗ ಸ್ವರ ತಿರುಗಿತು. ಬಾಗಿಲು ಮುಚ್ಚಿದಾಗ ನಿಂತಿತು. ಮೊದಲ ಸಲ ಹೆದರಿದವಳಂತೆ ಕಂಡವಳು ಈಗ ಯಾರನ್ನೋ ಕಳೆದುಕೊಂಡವಳಂತಿದ್ದಳು. ಗೆಳೆಯ ಮೆಲ್ಲಗೆ, "ಇನ್ನೊಮ್ಮೆ ಹಾಡ್ತೀರಾ ಸರ್?" ಎಂದ. ಅವರು ಹಾಡಲಿಲ್ಲ.

ಮರುದಿನ ಪಟ್ಟಿಯಿಂದ ಆ ಸಿನಿಮಾ ತೆಗೆಯಲು ಹೇಳಿದರು. ಸುಳ್ಳುಗಾರ ಹಾಗೆ ಹೇಳುತ್ತಾನೆಯೇ? ಅಥವಾ ಸುಳ್ಳುಗಾರನೇ ಹಾಗೆ ಹೇಳುವುದೇ? ನನಗೆ ತಲೆಬುಡ ತಿಳಿಯಲಿಲ್ಲ.

ತಿಂಗಳುಗಳ ಮೇಲೆ ಜರ್ಮನಿಯಿಂದ ಕಾಗದ ಬಂತು. ಓದಿ ಮಡಚಿದರು. "ಸಂಘದವರು ಹನ್ನೊಂದನ್ನು ನನ್ನವೆಂದು ಒಪ್ಪಿದ್ದಾರೆ" ಎಂದರು. ಉಳಿದವು ಯಾರವು ಎಂದು ಕೇಳಲು ಬಾಯಿ ಬರಲಿಲ್ಲ. ಅಭಿನಂದಿಸಬೇಕೋ ಸಮಾಧಾನ ಹೇಳಬೇಕೋ ಗೊತ್ತಾಗದೆ, ಅವರಿಗೊಂದು ಚಹಾ ತರಿಸಿದೆ.