ನನ್ನ ಫೋನಿಗೆ ನಾನೊಬ್ಬ ಕುರಿಗಾರ

ನನ್ನ ಫೋನಿನ ಖಚಿತ ಅಭಿಪ್ರಾಯದ ಪ್ರಕಾರ ನಾನೊಬ್ಬ ಕುರಿಗಾರ. ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಕನ್ನಡ ಕಲಿಸಿದ್ದು ಅದರ ಗಮನಕ್ಕೇ ಬಂದಿಲ್ಲ. ಬೆಳಿಗ್ಗೆ ತೆರೆದರೆ ಉಣ್ಣೆ ಕತ್ತರಿಸುವ ವಿಡಿಯೊ. ಮಧ್ಯಾಹ್ನ ಜಂತುಹುಳುವಿನ ಔಷಧಿ. ಸಂಜೆಗೆ ಟಗರು.

ಕಾರಣ ಹನುಮಕ್ಕ. ಹರಪನಹಳ್ಳಿಯಲ್ಲಿ ನಮ್ಮ ಹಿತ್ತಲಿಗೆ ಅಂಟಿಕೊಂಡೇ ಆಕೆಯ ಹಿತ್ತಲು. ಅಲ್ಲಿ ಎಂಟು ಕುರಿ. ಆಕೆಯದು ಬಟನ್ ಫೋನು. ಹೀಗಾಗಿ ಊಟವಾದ ಮೇಲೆ ನಮ್ಮ ಕಟ್ಟೆಗೆ ಬಂದು, ‘ಮಾಸ್ತರ, ಕುರಿ ಹಚ್ರಿ’ ಎನ್ನುತ್ತಾಳೆ. ಕುರಿಯ ವಿಡಿಯೊ ಹಚ್ಚುತ್ತೇನೆ. (ಒಲ್ಲೆ ಎನ್ನುವ ಧೈರ್ಯ ನಮ್ಮ ಓಣಿಯಲ್ಲಿ ಯಾರಿಗೂ ಇಲ್ಲ.)

ಫೋನು ಇದನ್ನೆಲ್ಲ ಮೌನವಾಗಿ ಗಮನಿಸಿ ನನ್ನ ಅಭಿರುಚಿಯನ್ನು ತೀರ್ಮಾನಿಸಿತು. ನಾನು ಕೇಳುತ್ತಿದ್ದ ಹಳೆಗನ್ನಡದ ಉಪನ್ಯಾಸಗಳು ಪಾತಾಳ ಸೇರಿದವು. ಹಿಂದೆ ರೇಡಿಯೊ ಊರಿಗೆಲ್ಲ ಒಂದೇ ಹಾಡು ಹಾಕುತ್ತಿತ್ತು. ಈಗ ತಲೆಗೊಂದು ಸ್ಟೇಷನ್. ಸರಿ, ನನ್ನ ತಲೆಯದಾದರೂ ನನಗೆ ಸಿಗಬೇಡವೇ? ನೋಡಿದ ವಿಡಿಯೊಗಳ ಹಿಸ್ಟರಿಯನ್ನೆಲ್ಲ ಅಳಿಸಿಬಿಡುವ ಘನ ಸಂಕಲ್ಪ ಮಾಡಿದೆ.

ಅಷ್ಟರಲ್ಲಿ ಹನುಮಕ್ಕನ ಕುರಿಯೊಂದು ಅವಳಿ ಮರಿ ಹಾಕಿತು. ಒಂದನ್ನು ನೆಕ್ಕಿ ಮುದ್ದಾಡಿತು. ಇನ್ನೊಂದು ಕೆಚ್ಚಲ ಹತ್ತಿರ ಬಂದರೆ ಗುದ್ದಿ ಅಟ್ಟುತ್ತಿತ್ತು.

‘ಬಾಟ್ಲಿ ಹಾಲೂ ಒಲ್ಲೆ ಅಂತೈತ್ರಿ ಮಾಸ್ತರ. ಹಿಂಗಾದ್ರ ನಾಳಿಗೆ ಉಳಿಯಂಗಿಲ್ಲ.’

ಮರಿಯನ್ನು ಸೆರಗಿನಲ್ಲಿ ಸುತ್ತಿಕೊಂಡು ಕಟ್ಟೆಯ ಮೇಲೆ ಕೂತಳು. ಅಂದು ಏನನ್ನೂ ಹಚ್ಚಲು ಹೇಳಲಿಲ್ಲ.

ನಾನೇ ಫೋನು ತೆರೆದೆ. ಅದು ತಾನಾಗಿ ಒಂದು ವಿಡಿಯೊ ಮುಂದಿಟ್ಟಿತು. ಯಾವುದೋ ಬೆಟ್ಟದ ಊರು, ಯಾವುದೋ ಭಾಷೆ. ಮುದುಕಿಯೊಬ್ಬಳು ತಾಯಿಕುರಿಯ ಹಾಲನ್ನೇ ಕರೆದು ಮರಿಯ ಬೆನ್ನಿಗೆ, ಬಾಲಕ್ಕೆ ಸವರುತ್ತಿದ್ದಳು. ಮೇಲೊಂದು ಚಿಟಿಕೆ ಉಪ್ಪು.

‘ಅಯ್ಯ, ನಮ್ಮವ್ವನೂ ಹಿಂಗ ಮಾಡ್ತಿದ್ಲು,’ ಎಂದಳು ಹನುಮಕ್ಕ. ‘ತನ್ನ ಹಾಲಿನ ವಾಸನಿ ಹಿಡಿದು ತಾಯಿ ಮರಿನ ಒಪ್ಕೊಂತೈತಿ. ಬಾಟ್ಲಿ ಬಂದ ಮ್ಯಾಲ ಮರ್ತೇಬಿಟ್ಟೆ ನೋಡ್ರಿ. ಏಳ್ರಿ, ಕುರಿ ಹಿಡಕೊಳ್ಳಾಕ ಬರ್ರಿ.’

ಹೀಗೆ ಹಳೆಗನ್ನಡದ ಈ ಅಭಿಮಾನಿ ಕುರಿಯ ಕುತ್ತಿಗೆ ಹಿಡಿದು ನಿಂತ.

‘ಗಟ್ಟಿ ಹಿಡೀರಿ. ಅದೇನು ನಿಮ್ಮ ಸಾಲಿ ಹುಡುಗನಲ್ಲ, ಕಿವಿ ಹಿಂಡಿದ್ರ ನಿಲ್ಲಾಕ.’

ಹನುಮಕ್ಕ ಹಾಲು ಕರೆದು ಮರಿಗೆ ಸವರಿ ಉಪ್ಪು ಉದುರಿಸಿದಳು. ಕುರಿ ಮೂಸಿತು. ಗುದ್ದಿತು. ಮತ್ತೆ ಮೂಸಿ, ಉಪ್ಪಿನ ಆಸೆಗೆ ನೆಕ್ಕಿತು. ನಾನು ಹಿಡಿದಿದ್ದಷ್ಟು ಹೊತ್ತು ಮರಿ ಕುಡಿಯಿತು. ಎರಡು ದಿನ ಇದೇ ಸೇವೆ. ಮೂರನೆಯ ದಿನ ನಾನು ಅಂಗಿಯ ತೋಳು ಮಡಚಿಕೊಂಡು ಹೋಗುವಷ್ಟರಲ್ಲಿ ಮರಿ ತಾನಾಗಿ ಕೆಚ್ಚಲಿಗೆ ಬಾಯಿ ಹಾಕಿತ್ತು. ತಾಯಿ ಏನೂ ಆಗಿಲ್ಲವೆಂಬಂತೆ ಮೆಲುಕು ಹಾಕುತ್ತಿತ್ತು.

‘ಇನ್ನ ನೀವು ಮನಿಗೆ ಹೋಗ್ರಿ,’ ಎಂದಳು ಹನುಮಕ್ಕ, ಕಣ್ಣೊರೆಸಿಕೊಳ್ಳುತ್ತ.

ಫೋನಿನ ಲೆಕ್ಕದಲ್ಲಿ ನಾವಿಬ್ಬರೂ ಒಂದೇ ಆಸಾಮಿ. ಅದರ ತಪ್ಪು ತಿದ್ದುವ ಉತ್ಸಾಹ ನನಗೀಗ ಉಳಿದಿಲ್ಲ. ನನಗೆ ಬೇಕಾದದ್ದನ್ನಷ್ಟೇ ಅದು ತೋರಿಸಿದ್ದರೆ, ಆ ಮರಿ ಇವತ್ತು ಇರುತ್ತಿತ್ತೇ?