ಬೇಗೂರಿನ ವಿಳಾಸ

ಚಿರಾಗ್, ಸಿಂಚನಾ — ನಿಮ್ಮ ತಾತನ ಅಪೀಲು ವಜಾ ಆದದ್ದು ಲಾಯರಿಂದಲ್ಲ, ನನ್ನಿಂದ. ಲಾಯರು ಎದುರು ಪಾರ್ಟಿಯ ಜೊತೆ ಸೇರಿಕೊಂಡರು ಎಂದು ತಾತ ಸಾಯುವವರೆಗೂ ನಂಬಿದ್ದರು. ನೀವೂ ಅದನ್ನೇ ಕೇಳುತ್ತ ಬೆಳೆದಿರಿ. ಅವರು ಹಾಗೆ ಹೇಳುವಾಗಲೆಲ್ಲ ನಾನು ಪಕ್ಕದಲ್ಲೇ ಕೂತು ಸುಮ್ಮನಿದ್ದೆ.

ತಲಘಟ್ಟಪುರದ ಜಮೀನಿನಲ್ಲಿ ತಾತನ ತಂಗಿ ಸರೋಜಮ್ಮನಿಗೂ ಪಾಲಿದೆ ಎಂದು ಕೆಳಗಿನ ಕೋರ್ಟು ಹೇಳಿತು. ತಾತ ಹೈಕೋರ್ಟಿಗೆ ಅಪೀಲು ಹಾಕಿದರು. ಆಮೇಲೆ ನಮ್ಮ ಬನಶಂಕರಿಯ ಮನೆಯಲ್ಲಿ ಆಕೆಯ ಹೆಸರೆತ್ತುವ ಹಾಗಿರಲಿಲ್ಲ. ಗೌರಿ ಹಬ್ಬಕ್ಕೆ ತವರಿನಿಂದ ಹೋಗುತ್ತಿದ್ದ ಬಾಗಿನವೂ ನಿಂತಿತು. ಮನೆಯ ಹೆಣ್ಣುಮಗಳಿಗೆ ಬಾಗಿನ ತಪ್ಪಿಸುವುದೆಂದರೆ — ನನ್ನ ಮನಸ್ಸು ಒಪ್ಪಲಿಲ್ಲ. ದೇವಸ್ಥಾನಕ್ಕೆ ಎಂದು ಹೇಳಿ, ಮೊರಗಳನ್ನು ಚೀಲದಲ್ಲಿಟ್ಟುಕೊಂಡು ಬಸ್ಸು ಹತ್ತುತ್ತಿದ್ದೆ. ಅಷ್ಟರಲ್ಲಿ ಆಕೆ ಹಳೆಯ ಮನೆ ಬಿಟ್ಟು ಬೇಗೂರಿನಲ್ಲಿ ಬಾಡಿಗೆಗೆ ಬಂದಿದ್ದಳು.

"ಅಣ್ಣ ಕಳ್ಸಿದ್ನಾ ಅತ್ತಿಗೆ?"

ನಾನು ಹೂಂ ಎಂದೆ. ಆಕೆ ನಕ್ಕಳು. "ನೋಡ್ದ್ಯಾ, ಕೇಸು ಒಂದ್ಕಡೆ, ಬಾಗಿನ ಒಂದ್ಕಡೆ. ನಮ್ಮಣ್ಣ ಅಂದ್ರೆ ಹಂಗೇ." ಪ್ರತಿ ಹಬ್ಬಕ್ಕೂ ಅದೇ ಸುಳ್ಳು ಹೇಳಿದೆ.

ತಾತನಿಗೆ ಕಣ್ಣು ಮಂಜಾಗಿತ್ತು. ಹಾಗಾಗಿ ಜಯನಗರದ ಲಾಯರ ಆಫೀಸಿಗೆ ನಾನೂ ಹೋಗುತ್ತಿದ್ದೆ. ಒಂದು ದಿನ ಲಾಯರು ಹೇಳಿದರು, "ನಿಮ್ ತಂಗಿಗೆ ಕಳ್ಸಿದ್ ನೋಟಿಸು ವಾಪಸ್ ಬಂದಿದೆ ಯಜಮಾನ್ರೇ. ಆ ಮನೆ ಖಾಲಿ ಮಾಡಿದಾರಂತೆ. ಸರಿಯಾದ್ ಅಡ್ರೆಸ್ ಕೊಡ್ಲಿಲ್ಲ ಅಂದ್ರೆ ಅಪೀಲು ಡಿಸ್ಮಿಸ್. ನ್ಯಾಯ ಯಾರ ಕಡೆ ಅಂತ ಜಡ್ಜು ನೋಡೋದೇ ಇಲ್ಲ. ಇಲ್ಲಾಂದ್ರೆ ಕೋರ್ಟಿಗೆ ಕೇಳ್ಕೊಂಡು ಪೇಪರಲ್ಲಿ ನೋಟಿಸ್ ಹಾಕ್ಸೋಣ."

"ನನ್ ತಂಗಿ ಹೆಸ್ರನ್ನ ಪೇಪರಲ್ಲಿ ಹಾಕ್ಸಿ ಊರಿಗೆಲ್ಲ ಓದಿಸ್ಲಾ ಸಾರ್? ಅದ್ ಮಾತ್ರ ಬ್ಯಾಡ." ಎಂದವರೇ ತಾತ ನನ್ನ ಕಡೆ ತಿರುಗಿದರು. "ಎಲ್ಲವ್ಳೆ ಅಂತ ನಿಂಗೇನಾರ ಗೊತ್ತೇನೇ?"

"ನಂಗೆಲ್ಲಿ ಗೊತ್ತಾಗ್ಬೇಕು" ಎಂದೆ.

ಸರೋಜಮ್ಮನ ಪಾಲು ಉಳಿಯಲಿ ಎಂದು ಹಾಗೆ ಹೇಳಲಿಲ್ಲ. ಅಷ್ಟು ದೊಡ್ಡ ಮನಸ್ಸು ನನಗಿರಲಿಲ್ಲ. ನಿನಗೆ ಹೇಗೆ ಗೊತ್ತು ಎಂದು ಅವರು ಕೇಳುತ್ತಾರೆ, ಕದ್ದು ಹೋದದ್ದು ಹೊರಬೀಳುತ್ತದೆ — ಆ ಭಯ, ಅಷ್ಟೇ. ತಂಗಿಯ ಹೆಸರನ್ನು ಪೇಪರಿಗೆ ಹಾಕಿಸಲು ಒಪ್ಪದ ಮನುಷ್ಯ ಬಾಗಿನ ಕೊಟ್ಟದ್ದಕ್ಕೆ ಎಷ್ಟು ತಾನೇ ಬೈದಾರು — ಅದನ್ನು ಯೋಚಿಸಲೂ ಇಲ್ಲ.

ಅಪೀಲು ವಜಾ ಆಯಿತು. ಈಗಲೂ ವಿಳಾಸ ಸಿಕ್ಕರೆ ಇನ್ನೊಂದು ಅರ್ಜಿ ಹಾಕಿ ಕೇಸನ್ನು ಮತ್ತೆ ತೆಗೆಸಬಹುದು ಎಂದು ಲಾಯರು ಅಂದರು. ಆಗಲೂ ನನಗೆ ಬಾಯಿ ಬರಲಿಲ್ಲ. "ಎಷ್ಟಕ್ ಮಾರ್ಕೊಂಡ್ರಿ ಸಾರ್ ನನ್ ಕೇಸು?" ಎಂದು ತಾತ ಕಕ್ಷಿದಾರರೆಲ್ಲರ ಮುಂದೆ ಕೂಗಾಡಿದರು. ಲಾಯರು ತಲೆ ತಗ್ಗಿಸಿ ಫೈಲು ಕಟ್ಟಿಕೊಟ್ಟರು. ಅಪೀಲು ನಡೆದಿದ್ದರೆ ತಾತ ಗೆಲ್ಲುತ್ತಿದ್ದರೋ ಸೋಲುತ್ತಿದ್ದರೋ — ಗೊತ್ತಿಲ್ಲ. ಅವರ ಮಾತನ್ನು ಕೋರ್ಟು ಕೇಳುವ ಮೊದಲೇ ನಾನು ಬಾಗಿಲು ಹಾಕಿದೆ.

ಹೋದ ವಾರ ಜಯನಗರದ ಮಾರ್ಕೆಟ್ಟಿನಲ್ಲಿ ಅದೇ ಲಾಯರು ಎದುರಾದರು, ನೆನಪಿದೆಯಾ ಚಿರಾಗ್? ತುಂಬ ವಯಸ್ಸಾಗಿದೆ ಅವರಿಗೆ. "ಚೆನ್ನಾಗಿದ್ದೀರೇನಮ್ಮ?" ಎಂದು ಕೈಮುಗಿದರು. ನೀನು ಅವರಿಗೆ ಕೇಳುವಂತೆಯೇ ಅಂದೆ, "ತಾತನ ಕೇಸ್ ಮಾರ್ಕೊಂಡೋರು ಇವ್ರೇ ತಾನೇ ಅಜ್ಜಿ?" ಅವರು ಸೊಪ್ಪಿನ ಚೀಲವನ್ನು ಇನ್ನೊಂದು ಕೈಗೆ ಬದಲಿಸಿಕೊಂಡು ನಡೆದುಬಿಟ್ಟರು.

ಅದು ನಿನ್ನ ತಪ್ಪಲ್ಲ ಮಗು. ನಿನಗೆ ಆ ಮಾತು ಕಲಿಸಿದ್ದು ನನ್ನ ಮೌನ.

ಸರೋಜಮ್ಮನಿಗೆ ಬಾಗಿನದ ನಿಜ ಹೇಗೆ ಹೇಳಲಿ — ಅದು ಇನ್ನೂ ತಿಳಿಯುತ್ತಿಲ್ಲ. ಆದರೆ ಭಾನುವಾರ ನಾವು ಮೂವರೂ ಲಾಯರ ಮನೆಗೆ ಹೋಗೋಣ. ಹೊರಗಿನವರ ಮುಂದೆ ನನಗೆ ಮಾತು ಹೊರಡುವುದಿಲ್ಲ, ನಿಮಗೆ ಗೊತ್ತು. ಅಲ್ಲಿಯೂ ಹೊರಡದಿದ್ದರೆ, ಚಿರಾಗ್, ಈ ಕಾಗದವನ್ನು ನೀನು ಅವರ ಮುಂದೆ ಓದು. ಮೊದಲ ಸಾಲಿನಿಂದಲೇ ಓದು.