ಮರಿಯಾಬಾಯಿ ಮುಟ್ಟದೆ ಕಾಯ್ದ ಗೋಡೆ

ಹಳಿಯಾಳದಿಂದ ದಾಂಡೇಲಿಗೆ ಹೋಗುವಾಗ ನಡುವೆ ಕಾಡಿನೊಳಕ್ಕೆ ತಿರುಗಿದರೆ ನಮ್ಮ ಕೇರಿ, ಹನ್ನೊಂದು ಸಿದ್ದಿ ಮನೆಗಳು. ಕೊನೆಯದು ಮರಿಯಾಬಾಯಿಯದು. ಗಂಡ ಬಸ್ತ್ಯಾಂವ ತೀರಿಕೊಂಡ ಮೇಲೆ ಕೂಲಿ ಮಾಡಿ ಒಬ್ಬಳೇ ಬದುಕಿದವಳು, ಯಾರ ಮುಂದೆಯೂ ಕೈ ಚಾಚಿದವಳಲ್ಲ. ಅವಳಲ್ಲಿದ್ದ ಒಂದೇ ಕೆಟ್ಟ ಚಾಳಿ ಎಂದರೆ ಓದಿದವರ ಮಾತನ್ನು ನಂಬುವುದು.

ಆರು ವರ್ಷದ ಹಿಂದೆ ಪರಶುರಾಮ ಎಂಬ ಪೇಟೆಯ ಆಸಾಮಿ ಅವಳ ಪಕ್ಕದಲ್ಲಿ ಹೋಂಸ್ಟೇ ಕಟ್ಟಿಸಿದ. ಪ್ರವಾಸಿಗರ ಕಾರು ತಿರುಗಲು ಜಾಗ ಸಾಲದೆಂದು ಜೆಸಿಬಿ ತರಿಸಿ ಅವಳ ಅಡುಗೆಮನೆಯ ಹಿಂದಿನ ಗೋಡೆಯನ್ನೇ ಕೆಡವಿಸಿದ. ಕೇಳಲು ಹೋದರೆ, "ಹಳೇ ಗ್ವಾಡಿ, ತಾನ ಬಿದ್ದೈತಿ" ಎಂದ, ನಾಚಿಕೆಗೆಟ್ಟವನು! ಚಿರೇಕಲ್ಲುಗಳ ಮೇಲೆ ಜೆಸಿಬಿಯ ಹಲ್ಲಿನ ಗೆರೆಗಳು ಎದ್ದು ಕಾಣುತ್ತಿದ್ದವು. ನಾವೂ ಬೇಲಿಯಾಚೆ ನಿಂತು ನೋಡಿದೆವೇ ಹೊರತು ಸಾಕ್ಷಿಗೆ ಒಬ್ಬರೂ ಹೋಗಲಿಲ್ಲ. ನಮ್ಮ ಯೋಗ್ಯತೆಯೂ ಅಷ್ಟೇ.

ಅವಳು ಕೋರ್ಟಿಗೆ ಹೋದಳು. ವಕೀಲ ಸಾಗರ ದಾವೆ ಹಾಕಿ, ಕೋರ್ಟಿನ ಪರವಾಗಿ ಕಮಿಷನರೊಬ್ಬರನ್ನು ಕಳಿಸಿ ಗೋಡೆ ನೋಡಿಸಬೇಕೆಂದು ಅರ್ಜಿ ಕೊಟ್ಟ.

"ಕಮಿಷನರ್ ಬರೂತನಾ ಒಂದ್ ಕಲ್ಲೂ ಮುಟ್ಟಬ್ಯಾಡ್ರಿ ಮರಿಯಾಬಾಯಿ. ಅದ ನಿಮ್ಮ ಸಾಕ್ಷಿ."

"ಫೋಟೋ ತಗದೇವಲ್ರಿ?"

"ಫೋಟೋ ಯಾರ್ ನಂಬ್ತಾರ? ಕಣ್ಣಾರೆ ನೋಡಬೇಕು."

ಅವಳು ಮುಟ್ಟಲಿಲ್ಲ. ಗೋಡೆಯಿದ್ದ ಕಡೆ ತಾಡಪತ್ರಿ ಕಟ್ಟಿಕೊಂಡು, ಒಲೆಗೆ ನೀರು ನುಗ್ಗಿದರೂ ಮುಟ್ಟಲಿಲ್ಲ. ಅರ್ಜಿ ತಾರೀಖಿನಿಂದ ತಾರೀಖಿಗೆ ಹೋಯಿತು. ಪರಶುರಾಮನ ವಕೀಲನಿಗೆ ನೆಗಡಿ ಬಂತು. ಆ ನೆಗಡಿ ನಾಲ್ಕು ವರ್ಷ ಇಳಿಯಲಿಲ್ಲ. ಇಳಿಯುವಷ್ಟರಲ್ಲಿ ನ್ಯಾಯಾಧೀಶರಿಗೆ ವರ್ಗವಾಯಿತು. ಕಲ್ಲಿನ ಮೇಲೆ ಪಾಚಿ ಕಟ್ಟಿತು, ಸಂದಿಯಲ್ಲಿ ಗಿಡ ಎದ್ದವು. ಕೆರೆದು ತೆಗೆಯಲೇ ಎಂದು ಕೇಳಿದ್ದಕ್ಕೆ ಸಾಗರ ಅದನ್ನೂ ಬೇಡವೆಂದ.

ಕೊನೆಗೆ ಹೈಕೋರ್ಟಿಗೆ ಹೋಗಿದ್ದಾಯಿತು. ಅರ್ಜಿಯನ್ನು ಆರು ವಾರದಲ್ಲಿ ಇತ್ಯರ್ಥ ಮಾಡಿ ಎಂದು ಅಲ್ಲಿಂದ ಕೆಳಗಿನ ಕೋರ್ಟಿಗೆ ಆದೇಶ ಬಂತು. ಮರಿಯಾಬಾಯಿ ಕೇರಿಗೆಲ್ಲ ಸಕ್ಕರೆ ಹಂಚಿದಳು. ಐದನೆಯ ವಾರ ಅರ್ಜಿ ಮಂಜೂರಾಯಿತು.

ಕಮಿಷನರ್ ಎಂದು ಬಂದವನು ಅದೇ ಕೋರ್ಟಿನ ಇನ್ನೊಬ್ಬ ವಕೀಲ. ಮೊದಲು ಹೋಂಸ್ಟೇಯಲ್ಲಿ ಚಹಾ ಕುಡಿದು, ಆಮೇಲೆ ಬೂಟಿಗೆ ಕೆಸರು ತಾಗದಂತೆ ದೂರದಲ್ಲಿ ನಿಂತ. ಮರಿಯಾಬಾಯಿ ಕುಡುಗೋಲು ಹಿಡಿದು ಪಾಚಿ ಕೆರೆಯಲು ಬಗ್ಗಿದಳು. "ಈಗ ತೋರಸ್ತೇನ್ರಿ, ಕೆಳಗ ಗೆರಿ ಅದಾವು."

"ಏ, ಮುಟ್ಟಬ್ಯಾಡ! ಇದ್ದದ್ದ ಇದ್ದಂಗ ಬರೀಬೇಕು ನಾ."

ಹಾಗೆಯೇ ಬರೆದ. ಪಾಚಿ ಹಿಡಿದ ಹಳೆಯ ಗೋಡೆ, ಶಿಥಿಲವಾಗಿ ತಾನೇ ಕುಸಿದಂತೆ ಕಾಣುತ್ತದೆ, ಯಂತ್ರದ ಗುರುತು ಕಂಡುಬರಲಿಲ್ಲ. ಆರು ವರ್ಷ ಮಳೆಯಲ್ಲಿ ನೆನೆದು ಅವಳು ಕಾಯ್ದುಕೊಟ್ಟ ಸಾಕ್ಷಿ ಪರಶುರಾಮನ ಪಾಲಾಯಿತು.

"ತಕರಾರು ಹಾಕೂಣ್ರಿ. ಇನ್ನೊಂದ್ ಅರ್ಜಿ ಕೊಟ್ರ..." ಎಂದು ಸಾಗರ ಶುರು ಮಾಡಿದ.

"ನೀವು ಮುಟ್ಟಬ್ಯಾಡ ಅಂದ್ರಿ, ಮುಟ್ಟಲಿಲ್ಲ. ಈಗ ನಾ ಹೇಳೂದು ಕೇಳ್ರಿ. ಬಾಯಿ ಮುಚ್ಚರಿ" ಎಂದಳು ಮರಿಯಾಬಾಯಿ.

ಸೋಮವಾರ ಬೆಳಿಗ್ಗೆ ಮಣ್ಣು ಕಲೆಸಿ ಹಳೆಯ ಪಾಯದ ಮೇಲೆಯೇ ಗೋಡೆ ಎಬ್ಬಿಸತೊಡಗಿದಳು. ಇಷ್ಟು ವರ್ಷ ಸುಮ್ಮನಿದ್ದ ನಾವು ಆ ದಿನ ಕಲ್ಲು ಹೊತ್ತೆವು. ಪರಶುರಾಮ ಅದೇ ಮಧ್ಯಾಹ್ನ ಅದೇ ಕೋರ್ಟಿಗೆ ಓಡಿ, ದಾವೆ ನಡೆಯುತ್ತಿರುವಾಗ ಗೋಡೆ ಕಟ್ಟುವುದನ್ನು ತಡೆಯಬೇಕೆಂದು ಅರ್ಜಿ ಹಾಕಿದ. ಯಾರಿಗೂ ನೆಗಡಿ ಬರಲಿಲ್ಲ. ಗುರುವಾರ ಕೋರ್ಟಿನ ಅಮೀನ ತಡೆಯಾಜ್ಞೆ ಹಿಡಿದುಕೊಂಡು ಬಂದು ನಿಂತ.

"ಯಾವತ್ತ್ ಹಾಕಿದ್ನರಿ ಅರ್ಜಿ?" ಮರಿಯಾಬಾಯಿ ಕೇಳಿದಳು.

"ಸೋಮವಾರ, ಬಾಯಿ."

ಕಾಗದ ಪಡೆದದ್ದಕ್ಕೆ ಮಣ್ಣಿನ ಕೈಯಲ್ಲೇ ಹೆಬ್ಬೆಟ್ಟು ಒತ್ತಿ ಕೊಟ್ಟಳು. ಗೋಡೆ ತಲೆಮಟ್ಟಕ್ಕೆ ಬಂದಿತ್ತು, ಸೂರು ಮುಟ್ಟಲು ಇನ್ನೆರಡು ಸಾಲು ಬಾಕಿ.

"ಹೈಕೋರ್ಟಿನವರಿಗೆ ಹೇಳ್ರಿ, ಕೆಳಗಿನ ಕೋರ್ಟು ಓಡೂದು ಕಲ್ತೈತಿ" ಎಂದು, ಅಮೀನ ನೋಡುತ್ತಿದ್ದಂತೆಯೇ ಬಗ್ಗಿ ಮುಂದಿನ ಕಲ್ಲು ಎತ್ತಿಕೊಂಡಳು.